ಹಳೇ ಫುಟೇಜ್‌ನಲ್ಲಿ ಜನ ಯಾಕೆ ಅಷ್ಟು ಬೇಗ ಬೇಗ ನಡೆಯುತ್ತಾರೆ?

ಓದುಗರ ಪ್ರಶ್ನೆ: ನನ್ನ ಡಾಕ್ಯುಮೆಂಟರಿಗೆ 1910ರ ದಶಕದ ಒಂದು ಬೀದಿಯ ಫುಟೇಜ್ ಸಿಕ್ಕಿದೆ. ಅದರಲ್ಲಿ ಎಲ್ಲರೂ ಕೀಲಿ ಕೊಟ್ಟ ಗೊಂಬೆಗಳ ಹಾಗೆ ಪಟಪಟ ನಡೆಯುತ್ತಾರೆ. ಹಾಗೇ ಬಿಡಬೇಕಾ, ಸರಿ ಮಾಡಬಹುದಾ?

ಖಂಡಿತ ಸರಿ ಮಾಡಿ. ಅವರೂ ನಮ್ಮ ನಿಮ್ಮ ಹಾಗೇ ನಡೆದವರು. ವೇಗ ಕೆಟ್ಟಿದ್ದು ಆಮೇಲೆ.

ಆಗಿನ ಹೆಚ್ಚಿನ ಕ್ಯಾಮೆರಾಗಳಿಗೆ ಮೋಟಾರ್ ಇರಲಿಲ್ಲ. ಪಕ್ಕದ ಹಿಡಿಕೆಯನ್ನು ಕ್ಯಾಮೆರಾಮನ್ ಕೈಯಲ್ಲೇ ತಿರುಗಿಸಬೇಕಿತ್ತು. ಒಂದು ಸುತ್ತಿಗೆ 8 ಫ್ರೇಮ್ (ಅಂದರೆ 8 ಬಿಡಿ ಚಿತ್ರ), ಸೆಕೆಂಡಿಗೆ ಎರಡು ಸುತ್ತು, ಅಲ್ಲಿಗೆ 16 ಫ್ರೇಮ್. 1920ರ ದಶಕದ ಕೊನೆಗೆ ಸಿನಿಮಾಕ್ಕೆ ಮಾತು ಬಂತು. ಧ್ವನಿ ಏರುಪೇರಾಗದಿರಲಿ ಅಂತ ವೇಗವನ್ನು 24ಕ್ಕೆ ಗಟ್ಟಿ ಮಾಡಿದರು. 16ರಲ್ಲಿ ತೆಗೆದದ್ದನ್ನು 24ರಲ್ಲಿ ಓಡಿಸಿದರೆ, ಒಂದು ನಿಮಿಷದ ನಡಿಗೆ 40 ಸೆಕೆಂಡಿನಲ್ಲೇ ಮುಗಿದುಹೋಗುತ್ತದೆ.

ಹಾಗಂತ ಸುಮ್ನೆ ಎಲ್ಲದಕ್ಕೂ 16 ಅಂತ ಹಾಕಿಬಿಡಬೇಡಿ. ತಿರುಗಿಸಿದ್ದು ಮನುಷ್ಯರ ಕೈ ಅಲ್ವಾ! ಪೀಟರ್ ಜಾಕ್ಸನ್ ಮೊದಲ ಮಹಾಯುದ್ಧದ ದೃಶ್ಯಗಳಿಂದ 2018ರಲ್ಲಿ ಡಾಕ್ಯುಮೆಂಟರಿ ಮಾಡಿದಾಗ, ಮೂಲ ಫಿಲ್ಮ್‌ಗಳ ವೇಗ 10ರಿಂದ 18ರವರೆಗೆ ಬೇರೆ ಬೇರೆ ಇತ್ತು. ಹಾಗಾಗಿ ಒಂದೊಂದು ಶಾಟನ್ನೂ ಬೇರೆಯಾಗಿಯೇ ನೋಡಬೇಕು.

ನಾನು ನಡಿಗೆ ನೋಡಿ ವೇಗ ನಿರ್ಧರಿಸುವುದಿಲ್ಲ. ಯಾರೋ ನಿಜಕ್ಕೂ ಅವಸರದಲ್ಲಿರಬಹುದು. ಬೀಳುವ ವಸ್ತು ಹುಡುಕುತ್ತೇನೆ. ಒಮ್ಮೆ ಒಂದು ಶಾಟ್‌ನಲ್ಲಿ ಹೆಂಗಸೊಬ್ಬಳು ಬಕೆಟ್ಟಿನ ನೀರನ್ನು ಬಾಗಿಲ ಮುಂದೆ ಚೆಲ್ಲುತ್ತಿದ್ದಳು. 18ರಲ್ಲಿ ನೀರು ಚಿಮ್ಮಿದ ಹಾಗಿತ್ತು. 16ರಲ್ಲೂ ಸಮಾಧಾನ ಆಗಲಿಲ್ಲ. 14ಕ್ಕೆ ಇಳಿಸಿದಾಗ ನೀರು ನೀರಿನ ಹಾಗೇ ಬಿತ್ತು. ಆಗಲೇ ಕಂಡಿದ್ದು: ಬಕೆಟ್ ಕೆಳಗಿಟ್ಟು ಅವಳು ಕ್ಯಾಮೆರಾ ಕಡೆ ನೋಡಿ ನಾಚಿಕೊಂಡು ನಗುತ್ತಾಳೆ. ಅಷ್ಟು ದಿನ ನೋಡಿದ್ದರೂ ಆ ನಗು ನನ್ನ ಕಣ್ಣಿಗೆ ಬಿದ್ದೇ ಇರಲಿಲ್ಲ.

ವೇಗ ಇಳಿಸುವ ಮೊದಲು ಒಂದು ವಿಷಯ ನೋಡಿಕೊಳ್ಳಿ. ಹಿಂದೆ ಲ್ಯಾಬ್‌ಗಳಲ್ಲಿ ಒಂದು ಬಿಟ್ಟು ಒಂದು ಫ್ರೇಮನ್ನು ಎರಡೆರಡು ಸಲ ಪ್ರಿಂಟ್ ಮಾಡಿ 16ನ್ನು 24 ಮಾಡುತ್ತಿದ್ದರು. ನಿಮ್ಮ ಕಾಪಿಯೂ ಅಂಥದ್ದೇ ಇರಬಹುದು. ಒಂದೊಂದೇ ಫ್ರೇಮ್ ಮುಂದೆ ಸರಿಸಿ. ಪ್ರತಿ ಮೂರರಲ್ಲಿ ಎರಡು ಒಂದೇ ಥರ ಇದ್ದರೆ, ಅದು ಆಗಲೇ ನಿಧಾನ ಮಾಡಿದ್ದು. ಗೊತ್ತಾಗದೆ ಮತ್ತೆ ಇಳಿಸಿದರೆ ಜನ ನೀರೊಳಗೆ ನಡೆದ ಹಾಗೆ ಕಾಣುತ್ತಾರೆ. ಹಾಸ್ಯ ಚಿತ್ರದ ತುಣುಕಾದರೆ ಮಾತ್ರ ಮುಟ್ಟಬೇಡಿ. ಅಲ್ಲಿ ಬೇಕಂತಲೇ ನಿಧಾನವಾಗಿ ತಿರುಗಿಸುತ್ತಿದ್ದರು, ಪರದೆ ಮೇಲೆ ಓಟ ಜಾಸ್ತಿ ಕಾಣಲಿ ಅಂತ.

ಈಗ ಎರಡು ಫ್ರೇಮ್‌ಗಳ ನಡುವೆ ಹೊಸ ಫ್ರೇಮ್ ಹುಟ್ಟಿಸುವ ಸಾಫ್ಟ್‌ವೇರ್ ಇದೆ. ಚಲನೆ ಬೆಣ್ಣೆಯ ಹಾಗೆ ನುಣುಪಾಗುತ್ತದೆ, ನಿಜ. ಆದರೆ ಬೀಸುವ ಕೈಯ ಬೆರಳುಗಳನ್ನು ನಿಲ್ಲಿಸಿ ನೋಡಿ, ಒಂದಕ್ಕೊಂದು ಕರಗಿ ಅಂಟಿಕೊಂಡಿರುತ್ತವೆ. ಕ್ಯಾಮೆರಾ ಅದನ್ನು ನೋಡಿಯೇ ಇಲ್ಲ! ಡಾಕ್ಯುಮೆಂಟರಿಯಲ್ಲಿ ನಾನಂತೂ ಇದ್ದ ಫ್ರೇಮನ್ನೇ ಎರಡು ಸಲ ತೋರಿಸುತ್ತೇನೆ. ಸ್ವಲ್ಪ ಜರ್ಕ್ ಬಂದರೂ ಪರವಾಗಿಲ್ಲ.