ಗೇಮ್ ಡಿಲೀಟ್ ಮಾಡಿದೆ ಅಣ್ಣಾ, ಮತ್ತೆ ಬಂತು

ಪರೀಕ್ಷೆ ಹತ್ತಿರ ಬಂತು ಅಂದರೆ ಹಾಸನದ ನನ್ನ ಮೊಬೈಲ್ ರಿಪೇರಿ ಅಂಗಡಿಗೆ ತಾಯಂದಿರು ಬರತೊಡಗುತ್ತಾರೆ. ಡಿಸ್‌ಪ್ಲೇ ಒಡೆದಿರುವುದಿಲ್ಲ, ಬ್ಯಾಟರಿ ಉಬ್ಬಿರುವುದಿಲ್ಲ. ಫೋನನ್ನು ಕೌಂಟರ್ ಮೇಲೆ ಕುಕ್ಕಿ ಹೇಳುತ್ತಾರೆ: "ಅಣ್ಣಾ, ಇದರಲ್ಲಿರೋ ಗೇಮ್ ಬೇರು ಸಮೇತ ಕಿತ್ತುಹಾಕಿ. ಮೂರು ಸಲ ತೆಗೆದೆ. ಮೂರು ಸಲಾನೂ ಮತ್ತೆ ಬಂತು, ಅದೂ ಎಲ್ಲಿ ಬಿಟ್ಟಿದ್ದನೋ ಅಲ್ಲಿಗೇ!" ಹಿಂದೆ ನಿಂತ ಮಗ ಗೋಡೆಗೆ ನೇತುಹಾಕಿದ ಬ್ಯಾಕ್ ಕವರ್‌ಗಳನ್ನು ಬಹಳ ಆಸಕ್ತಿಯಿಂದ ನೋಡುತ್ತಿರುತ್ತಾನೆ. ಯಾಕೆ ಮತ್ತೆ ಬಂತು ಅಂತ ಅವನಿಗೆ ಗೊತ್ತು. ನನಗೂ ಗೊತ್ತು.

ಈ ಒಂದು ವಿಷಯವನ್ನು ನಾನು ಎಷ್ಟು ಸಲ ಹೇಳಿದ್ದೇನೋ ಲೆಕ್ಕವಿಲ್ಲ. ಆ್ಯಪ್ ತೆಗೆಯುವುದು ಬೇರೆ, ಆಟದ ಲೆಕ್ಕ ಅಳಿಸುವುದು ಬೇರೆ.

ನಮ್ಮ ಕಡೆ ಡೈರಿಗೆ ಹಾಲು ಹಾಕುವವರ ಹತ್ತಿರ ಒಂದು ಚಿಕ್ಕ ಪುಸ್ತಕ ಇರುತ್ತಿತ್ತು. ದಿನಾ ಎಷ್ಟು ಲೀಟರ್, ಫ್ಯಾಟ್ ಎಷ್ಟು, ಎಲ್ಲ ಅದರಲ್ಲಿ. ಡೈರಿಯ ದೊಡ್ಡ ಲೆಡ್ಜರಿನಲ್ಲೂ ಅದೇ ಲೆಕ್ಕ. ಮನೆಯ ಪುಸ್ತಕವನ್ನು ಹಸುವೇ ತಿಂದುಹಾಕಿದರೂ ಡೈರಿಯ ಲೆಕ್ಕಕ್ಕೆ ಏನೂ ಆಗುವುದಿಲ್ಲ. ಹೊಸ ಪುಸ್ತಕ ತೆಗೆದುಕೊಂಡು ಹೋದರೆ ಸೆಕ್ರೆಟರಿ ಮತ್ತೆ ಬರೆದುಕೊಡುತ್ತಾನೆ. ನಿಮ್ಮ ಫೋನಿನ ಗೇಮ್ ಆ ಚಿಕ್ಕ ಪುಸ್ತಕ. ನೀವು ಹರಿದುಹಾಕುತ್ತಿರುವುದು ಅದನ್ನೇ. ಮಗ ಹೋಗಿ ಹೊಸ ಪುಸ್ತಕ ತರುತ್ತಾನೆ, ಅಷ್ಟೇ.

ಮೊಬೈಲ್ ಗೇಮಿನಲ್ಲಿ ಇನ್ನೊಂದು ತೊಡಕಿದೆ. ಇಲ್ಲಿ ಡೈರಿಯ ದೊಡ್ಡ ಲೆಡ್ಜರ್ ಅಂದರೆ ಇಂಟರ್ನೆಟ್ಟಿನ ಆಚೆ, ಕಂಪನಿಗಳ ಕಂಪ್ಯೂಟರಿನಲ್ಲಿರುವ ಲೆಕ್ಕ; ಅದನ್ನೇ ಕ್ಲೌಡ್ ಅನ್ನುತ್ತಾರೆ, ನಾನು 'ಮೇಲೆ' ಅನ್ನುತ್ತೇನೆ. ಆ ಮೇಲಿನ ಲೆಡ್ಜರ್ ಒಂದೇ ಅಲ್ಲ, ಎರಡು ಇರಬಹುದು. ಒಂದು ಗೂಗಲ್ ಅಥವಾ ಆ್ಯಪಲ್ ಹತ್ತಿರ, ನಿಮ್ಮದೇ ಖಾತೆಯೊಳಗೆ. ಇನ್ನೊಂದು ಗೇಮ್ ಮಾಡಿದ ಕಂಪನಿಯ ಸರ್ವರಿನಲ್ಲಿ. ಕೆಲವು ಆಟಗಳು ಮೊದಲನೆಯದನ್ನು ಬಳಸುತ್ತವೆ, ಕೆಲವು ಎರಡನೆಯದನ್ನು, ಕೆಲವು ಎರಡನ್ನೂ. ಊರೂರು ಸೇರಿ ಆನ್‌ಲೈನಿನಲ್ಲಿ ಆಡುವ ದೊಡ್ಡ ಆಟಗಳಲ್ಲಿ ಅಸಲಿ ಲೆಕ್ಕ ಕಂಪನಿಯ ಹತ್ತಿರವೇ ಇರುತ್ತದೆ.

ನಂಬಿಕೆ ಬರದಿದ್ದರೆ ಹಳೆಯದನ್ನು ನೆನಪಿಸಿಕೊಳ್ಳಿ. 2020ರ ಸೆಪ್ಟೆಂಬರ್‌ನಲ್ಲಿ ಸರ್ಕಾರ ಪಬ್‌ಜಿ ಮೊಬೈಲ್ ನಿಷೇಧಿಸಿತು. ಆಗ ಹುಡುಗರು ಸಾವಾದ ಮನೆಯವರ ಹಾಗೆ ಮುಖ ಮಾಡಿಕೊಂಡು ಅಂಗಡಿಗೆ ಬರುತ್ತಿದ್ದರು. 2021ರ ಜುಲೈನಲ್ಲಿ ಅದೇ ಆಟ ಬಿಜಿಎಂಐ ಅಂತ ಹೊಸ ಹೆಸರಲ್ಲಿ ಬಂತು. ಆ ವರ್ಷದ ಕೊನೆಯವರೆಗೂ ಹಳೆಯ ಖಾತೆಯ ಡೇಟಾವನ್ನು ಹೊಸದಕ್ಕೆ ತಂದುಕೊಳ್ಳಲು ಅವಕಾಶ ಇತ್ತು. ನಡುವೆ ಎಷ್ಟೋ ಹುಡುಗರು ಫೋನನ್ನೇ ಬದಲಾಯಿಸಿದ್ದರು. ಆದರೂ ಬಟ್ಟೆ, ಬಂದೂಕು ಎಲ್ಲ ಬಂತು. 2022ರ ಫೆಬ್ರವರಿಯಲ್ಲಿ ಫ್ರೀ ಫೈರ್‌ಗೂ ನಿಷೇಧ ಬಿತ್ತು. ಹುಡುಗರು ಅದೇ ಆಟದ ಇನ್ನೊಂದು ರೂಪವಾದ ಫ್ರೀ ಫೈರ್ ಮ್ಯಾಕ್ಸ್ ಹಾಕಿಕೊಂಡು ಹಳೆಯ ಐಡಿಯಲ್ಲೇ ಲಾಗಿನ್ ಆದರು. ಸರ್ಕಾರವೇ ಆ್ಯಪ್ ನಿಲ್ಲಿಸಿದರೂ ಲೆಕ್ಕ ಉಳಿಯಿತು. ಇನ್ನು ಅಡುಗೆಮನೆಯಲ್ಲಿ ನಿಂತು ನೀವು ಐಕಾನ್ ಒತ್ತಿ ಹಿಡಿದರೆ ಹೋಗುತ್ತದೆಯೇ?

ತಾಯಂದಿರದು ಒಂದು ಗುಂಪು. ಇನ್ನೊಂದು ಗುಂಪಿನವರನ್ನು ಕಂಡರೆ ನನಗೆ ಸ್ವಲ್ಪ ಸಿಟ್ಟು ಜಾಸ್ತಿ. "ಸ್ಟೋರೇಜ್ ಫುಲ್ ಅಂತ ಬರ್ತಿದೆ, ಕ್ಲೌಡಲ್ಲಿರೋ ಗೇಮ್ ಡೇಟಾ ಎಲ್ಲ ತೆಗೆದುಬಿಡಿ" ಅನ್ನುವವರು. ಇವರು ಎಲ್ಲೋ ಒಂದು ವಿಡಿಯೋ ನೋಡಿ ಬಂದಿರುತ್ತಾರೆ. ಸ್ವಾಮಿ, ಆಟದ ಭಾರ ಇರುವುದು ಫೋನಿನಲ್ಲಿ. ಚಿತ್ರ, ಸದ್ದು, ಮ್ಯಾಪು ಎಲ್ಲ ಸೇರಿ ಒಂದೊಂದು ಆಟ ಎರಡು ಮೂರು ಜಿಬಿ ತಿನ್ನುತ್ತದೆ. ಮೇಲೆ ಹೋಗಿ ಕೂರುವುದು ಎಷ್ಟನೇ ಲೆವೆಲ್, ಎಷ್ಟು ನಾಣ್ಯ ಅನ್ನುವ ಚೀಟಿ ಮಾತ್ರ. ಆಟಗಳ ಲೆಕ್ಕ ಇಡುವ ಗೂಗಲ್‌ನ ಪ್ಲೇ ಗೇಮ್ಸ್‌ನಲ್ಲಿ ಉಳಿಸುವ ಇಂಥ ಒಂದು ಚೀಟಿಗೆ, ಅಂದರೆ ಸೇವ್‌ಗೆ, ಗೂಗಲ್ ಇಟ್ಟಿರುವ ಮಿತಿಯೇ 3 ಎಂಬಿ. ನಿಮ್ಮ ಮೈದುನನ ಮದುವೆಯ ಒಂದು ಫೋಟೋ ಅದಕ್ಕಿಂತ ದೊಡ್ಡದಿರುತ್ತದೆ.

ಗೂಗಲ್ ಪುಕ್ಕಟೆ ಕೊಡುವುದು 15 ಜಿಬಿ. ಜಿಮೇಲ್, ಡ್ರೈವ್, ಫೋಟೋಸ್ ಮೂರಕ್ಕೂ ಸೇರಿ ಅಷ್ಟೇ. 2021ರ ಜೂನ್‌ನಿಂದ ಹೊಸದಾಗಿ ಹಾಕುವ ಫೋಟೋಗಳು ಪೂರ್ತಿ ಅದೇ ಲೆಕ್ಕಕ್ಕೆ ಬರುತ್ತಿವೆ. 2024ರಿಂದ ವಾಟ್ಸಾಪ್ ಬ್ಯಾಕಪ್ ಕೂಡ ಅಲ್ಲಿಗೇ ಸೇರಿತು. ಗುಡ್ ಮಾರ್ನಿಂಗ್ ವಿಡಿಯೋಗಳನ್ನು ಬಿಟ್ಟು, ಮಗಳ ಪಝಲ್ ಗೇಮಿನ ಚೀಟಿ ಹರಿಯುತ್ತೀರಿ. ಜಾಗ ಬರುವುದಿಲ್ಲ, ಮಗಳ ಕಣ್ಣಲ್ಲಿ ನೀರು ಬರುತ್ತದೆ.

ಐಫೋನಿನವರ ವಿಷಯದಲ್ಲಿ ನಾನು ಅಷ್ಟು ಖಡಾಖಂಡಿತ ಮಾತಾಡುವುದಿಲ್ಲ. ಅಲ್ಲಿ ಪುಕ್ಕಟೆ ಜಾಗ 5 ಜಿಬಿ ಮಾತ್ರ. ಫೋನಿನ ಬ್ಯಾಕಪ್ ಒಳಗೆ ಕೆಲವು ಗೇಮ್‌ಗಳ ಡೇಟಾ ದೊಡ್ಡದಾಗಿಯೇ ಕೂತಿರಬಹುದು. ಸೆಟ್ಟಿಂಗ್ಸ್‌ನಲ್ಲಿ ನಿಮ್ಮ ಹೆಸರು ಒತ್ತಿ, ಐಕ್ಲೌಡ್‌ಗೆ ಹೋಗಿ, ಸ್ಟೋರೇಜ್ ಮ್ಯಾನೇಜ್ ಮಾಡುವ ಜಾಗದಲ್ಲಿ ನೋಡಿದರೆ ಯಾವುದು ಎಷ್ಟು ತಿಂದಿದೆ ಅಂತ ಕಾಣುತ್ತದೆ. ಆದರೆ ಅಲ್ಲಿ ಒಂದು ಆ್ಯಪಿನ ಡೇಟಾ ಅಳಿಸಿದರೆ ಅದೇ ಆ್ಯಪಲ್ ಐಡಿಯ ಬೇರೆ ಫೋನು, ಐಪ್ಯಾಡುಗಳಿಂದಲೂ ಹೋಗುತ್ತದೆ. ವಾಪಸ್ ತರಲು ದಾರಿ ಇಲ್ಲ. ಫೋಟೋಗಳಿಗಾದರೆ ಕಸದ ಬುಟ್ಟಿ ಇದೆ, ಇದಕ್ಕಿಲ್ಲ. ನಾನಂತೂ ಅಳಿಸುವ ಮುಂಚೆ ಗಿರಾಕಿಯಿಂದ ಎರಡು ಸಲ "ಹೂಂ" ಅನ್ನಿಸುತ್ತೇನೆ.

ನಿಜವಾಗಿಯೂ ಅಳಿಸಲೇಬೇಕಾದವರೂ ಇದ್ದಾರೆ. ಹೊಸದಾಗಿ ಒಂದನೇ ಲೆವೆಲ್‌ನಿಂದ ಆಡಬೇಕು ಅನ್ನುವವರು, ಆ ಆಟದ ಸಹವಾಸವೇ ಬೇಡ ಅನ್ನುವವರು. ಆಂಡ್ರಾಯ್ಡ್ ಆದರೆ ಗೂಗಲ್ ಡ್ರೈವ್‌ನಲ್ಲಿ ಆ ಸೇವ್ ಫೈಲ್ ಹುಡುಕಿ ಸುಸ್ತಾಗಬೇಡಿ. ಅದು ಅಡಗಿಸಿಟ್ಟ ಫೋಲ್ಡರ್, ಪಟ್ಟಿಯಲ್ಲಿ ಕಾಣುವುದಿಲ್ಲ. ಕಂಪ್ಯೂಟರ್‌ನಲ್ಲಿ ಡ್ರೈವ್ ತೆರೆದು, ಹಲ್ಲುಚಕ್ರದ ಗುರುತು ಒತ್ತಿ, ಸೆಟ್ಟಿಂಗ್ಸ್ ಒಳಗೆ 'ಮ್ಯಾನೇಜ್ ಆ್ಯಪ್ಸ್' ನೋಡಿ. ಆಟದ ಹೆಸರಿನ ಮುಂದೆ 'ಡಿಲೀಟ್ ಹಿಡನ್ ಆ್ಯಪ್ ಡೇಟಾ' ಅಂತ ಇರುತ್ತದೆ. ಪದಕ, ಸ್ಕೋರು ಎಲ್ಲ ಹೋಗಬೇಕಾದರೆ ಪ್ಲೇ ಗೇಮ್ಸ್ ಸೆಟ್ಟಿಂಗ್‌ನಲ್ಲಿ ಒಂದೊಂದೇ ಆಟದ ಡೇಟಾ ಅಳಿಸುವ ಆಯ್ಕೆ ಬೇರೆ ಇದೆ. ಮೆನುಗಳ ಹೆಸರು ಆಗಾಗ ಬದಲಾಗುತ್ತದೆ. ನಾನು ಹೇಳಿದ ಜಾಗದಲ್ಲಿ ಸಿಗದಿದ್ದರೆ ಅಕ್ಕಪಕ್ಕ ನೋಡಿ, ನನ್ನನ್ನು ಬೈಯಬೇಡಿ.

ಇಷ್ಟು ಮಾಡಿದರೂ ಕಂಪನಿಯ ಲೆಡ್ಜರ್ ಹಾಗೇ ಇರುತ್ತದೆ. ಅದಕ್ಕೆ ಆಟದ ಒಳಗೇ ಹೋಗಿ ಅಕೌಂಟ್ ಡಿಲೀಟ್ ಮಾಡಬೇಕು. ಖಾತೆ ತೆರೆಯಲು ಬಿಡುವ ಆ್ಯಪು ಖಾತೆ ಮುಚ್ಚಲೂ ಒಳಗೇ ದಾರಿ ಕೊಡಬೇಕು ಅಂತ ಆ್ಯಪಲ್ 2022ರಿಂದ ಕಡ್ಡಾಯ ಮಾಡಿದೆ. ಗೂಗಲ್ ಕೂಡ 2023ರಲ್ಲಿ ಅಂಥದ್ದೇ ನಿಯಮ ಹೇಳಿತು. ಇಲ್ಲೊಂದು ಎಚ್ಚರಿಕೆ. ಆ್ಯಪ್ ಮೊದಲು ತೆಗೆದು ಆಮೇಲೆ ಅಕೌಂಟ್ ಮುಚ್ಚಲು ಹೊರಟರೆ, ಅದಕ್ಕಾಗಿಯೇ ಮತ್ತೆ ಡೌನ್‌ಲೋಡ್ ಮಾಡಬೇಕಾದೀತು. ಗೇಮಿಗೆ ತಿಂಗಳು ತಿಂಗಳು ದುಡ್ಡು ಹೋಗುತ್ತಿದ್ದರೆ ಅದೂ ಆ್ಯಪ್ ತೆಗೆದರೆ ನಿಲ್ಲುವುದಿಲ್ಲ. ಪ್ಲೇ ಸ್ಟೋರಿನ ಸಬ್‌ಸ್ಕ್ರಿಪ್ಷನ್ ಪಟ್ಟಿಗೆ ಹೋಗಿ ಬೇರೆಯಾಗಿ ನಿಲ್ಲಿಸಬೇಕು. ಇದನ್ನೂ ದಿನಾ ಹೇಳುತ್ತೇನೆ, ಬಿಡಿ.

ಒಂದು ಸಲ ಒಬ್ಬ ಇಂಜಿನಿಯರಿಂಗ್ ಹುಡುಗ ಬಂದ. ಕ್ಲೌಡಿನ ಸೇವ್ ಅಳಿಸಿದ್ದಾನೆ, ಫೋನಿನಲ್ಲಿ ಕ್ಲಿಯರ್ ಸ್ಟೋರೇಜ್ ಒತ್ತಿ ಆ ಆಟದ ಡೇಟಾ ಖಾಲಿ ಮಾಡಿದ್ದಾನೆ, ಎಲ್ಲ ಸರಿಯಾಗೇ ಮಾಡಿದ್ದಾನೆ. ಹೊಸದಾಗಿ ಆಡಲು ಶುರು ಮಾಡಿ ಎರಡು ದಿನ ಆದಮೇಲೆ ಹಳೆಯ ಆಟವೇ ಎದ್ದು ಕೂತಿದೆ. "ಅಂಕಲ್, ಇದೇನೋ ದೆವ್ವ" ಅಂದ. ನಾನು ಕೇಳಿದ್ದು ಒಂದೇ: ಮನೆಯಲ್ಲಿ ಬೇರೆ ಯಾವುದರಲ್ಲಾದರೂ ಇದೇ ಮೇಲ್ ಐಡಿ ಇದೆಯಾ? ಇಲ್ಲ ಅಂದ. ಸಂಜೆ ಫೋನ್ ಮಾಡಿದ. ಲಾಕ್‌ಡೌನಿನಲ್ಲಿ ಆನ್‌ಲೈನ್ ಕ್ಲಾಸಿಗೆ ಅಂತ ತಂದ ಟ್ಯಾಬ್ ಬೀರುವಿನಲ್ಲಿತ್ತಂತೆ. ಊರಿಂದ ಬಂದ ತಂಗಿ ಅದನ್ನು ಚಾರ್ಜ್ ಹಾಕಿ ಆ ಗೇಮನ್ನೇ ತೆರೆದಿದ್ದಳು. ಟ್ಯಾಬ್ ತನ್ನ ಹತ್ತಿರ ಇದ್ದ ಹಳೆಯ ಲೆಕ್ಕವನ್ನು ಮೇಲಕ್ಕೆ ಕಳಿಸಿತ್ತು. ಅದಕ್ಕೇ ಹೇಳುವುದು, ಮೊದಲು ಎಲ್ಲ ಫೋನು, ಟ್ಯಾಬುಗಳಿಂದ ತೆಗೆಯಿರಿ, ಆಮೇಲೆ ಮೇಲಿನದಕ್ಕೆ ಕೈ ಹಾಕಿ. ಒಂದರಲ್ಲಿ ಉಳಿದರೂ ಅದು ಬೀಜದ ಹಾಗೆ ಮತ್ತೆ ಮೊಳೆಯಬಹುದು.

ಇಷ್ಟು ಹೇಳುವ ನಾನೂ ಒಮ್ಮೆ ಎಡವಿದ್ದೇನೆ. ನನ್ನ ಅಕ್ಕನ ಮಗನ ಫೋನ್ ನಿಧಾನವಾಗಿತ್ತು. ಮೈನ್‌ಕ್ರಾಫ್ಟ್ ತೆಗೆದು ಮತ್ತೆ ಹಾಕಿಬಿಡೋಣ, ಹೇಗೂ ಎಲ್ಲ ಮೇಲಿಂದ ಬರುತ್ತದೆ ಅಂದುಕೊಂಡೆ. ಆ ಆಟದಲ್ಲಿ ಮಕ್ಕಳು ಕಟ್ಟುವ ಲೋಕಗಳು ಸಾಮಾನ್ಯವಾಗಿ ಫೋನಿನಲ್ಲೇ ಇರುತ್ತವೆ. ಅವನು ಒಂದು ವರ್ಷ ಕೂತು ಕಟ್ಟಿದ್ದ ಊರು, ಅದರಲ್ಲಿ ನಮ್ಮ ಅಜ್ಜಿ ಮನೆಯ ತೊಟ್ಟಿ ಕೂಡ ಇತ್ತು, ಒಂದು ಸೆಕೆಂಡಿನಲ್ಲಿ ಹೋಯಿತು. "ಮಾಮ, ಪರವಾಗಿಲ್ಲ ಬಿಡಿ" ಅಂದ. ಬೈದಿದ್ದರೆ ಚೆನ್ನಾಗಿತ್ತು. ಯಾವ ಖಾತೆಯನ್ನೂ ಜೋಡಿಸದೆ ಗೆಸ್ಟ್ ಆಗಿ ಲಾಗಿನ್ ಆಗಿ ಆಡುವ ಆಟಗಳದೂ ಹೆಚ್ಚುಕಮ್ಮಿ ಇದೇ ಪಾಡು. ಆದ್ದರಿಂದ ಈಗ ಯಾವ ಆಟ ಮುಟ್ಟುವ ಮುಂಚೆಯೂ ಲಾಗಿನ್ ಯಾವುದು ಅಂತ ನೋಡುತ್ತೇನೆ.

ಮತ್ತೆ ಆ ತಾಯಂದಿರ ವಿಷಯ. ಅವರಿಗೆ ಕ್ಲೌಡ್ ಅಳಿಸುವ ಅಗತ್ಯವೇ ಇರುವುದಿಲ್ಲ ಅನ್ನುವುದು ನನ್ನ ಅಭಿಪ್ರಾಯ. ಬೇಕಾಗಿರುವುದು ಮಗ ಮೂರು ತಿಂಗಳು ಆಡಬಾರದು, ಅಷ್ಟೇ ಅಲ್ವಾ? ಆ್ಯಪ್ ತೆಗೆಯಿರಿ, ಪ್ಲೇ ಸ್ಟೋರಿಗೆ ಲಾಕ್ ಹಾಕಿ, ಪಿನ್ ಅವನಿಗೆ ಹೇಳಬೇಡಿ, ಮನೆಯವರ ಹುಟ್ಟಿದ ವರ್ಷವನ್ನೇ ಪಿನ್ ಇಡಬೇಡಿ. ಮೇಲಿನ ಲೆಕ್ಕ ಮೇಲೆ ಇರಲಿ. ಎರಡು ವರ್ಷ ಆಡಿ ಗಳಿಸಿದ್ದನ್ನು ಅಳಿಸಿದರೆ ಹುಡುಗ ಓದುತ್ತಾನೆ ಅಂತ ನನಗೇನೂ ಕಂಡಿಲ್ಲ. ಮಾತು ಬಿಡುವುದನ್ನು ಮಾತ್ರ ಕಂಡಿದ್ದೇನೆ.

ಹೋದ ವರ್ಷ ಒಬ್ಬ ಅಮ್ಮನಿಗೆ ಹೀಗೇ ಹೇಳಿ ಕಳಿಸಿದ್ದೆ. ಎಸ್ಸೆಸ್ಸೆಲ್ಸಿ ಮುಗಿದ ಮಾರನೇ ದಿನ ಬೆಳಿಗ್ಗೆ ಶಟರ್ ಎತ್ತುವಾಗಲೇ ಆ ಹುಡುಗ ಒಬ್ಬನೇ ಬಂದು ನಿಂತಿದ್ದ.

"ಅಂಕಲ್, ಅದು ಮೇಲೆ ಇದೆಯಾ ಇನ್ನೂ?"

"ಇರುತ್ತೆ ಮರಿ. ಯಾವ ಮೇಲ್ ಐಡಿಯಲ್ಲಿ ಲಾಗಿನ್ ಆಗಿದ್ದೆ?"

ಸ್ವಲ್ಪ ಹೊತ್ತು ಸುಮ್ಮನಿದ್ದ. "ಅಮ್ಮಂದು" ಅಂದ.