ಅಜ್ಜಿ ಅಲ್ಲ, ದಾಯಾದಿ ಇರಬಹುದು

ಮೂಳೆಗಳ ಪಾಠ ಹೇಳುವವನು ಅಂತ ಗೊತ್ತಾದರೆ ಸಾಕು, ಮದುವೆ ಊಟದ ಪಂಕ್ತಿಯಲ್ಲೂ ಅದೇ ಪ್ರಶ್ನೆ. "ಮಂಗನಿಂದ ಮಾನವ ಅಂತೀರಿ, ಹಾಗಾದ್ರೆ ಮಂಗ ಇನ್ನೂ ಯಾಕಿದೆ ಸಾರ್?" ಕೇಳಿದವರು ಹೋಳಿಗೆ ಮೇಲೆ ತುಪ್ಪ ಹಾಕಿಸಿಕೊಳ್ಳುತ್ತಾ, ಗೆದ್ದೆ ಅನ್ನೋ ಹಾಗೆ ನಗುತ್ತಾರೆ.

ನಿಮ್ಮ ದೊಡ್ಡಪ್ಪನ ಮಗ ಇದ್ದಾನಲ್ವಾ? ನೀವು ಅವನಿಗೆ ಹುಟ್ಟಿದವರಲ್ಲ. ಇಬ್ಬರಿಗೂ ಅಜ್ಜ ಒಬ್ಬ, ಅಷ್ಟೇ. ನೀವು ಊರು ಬಿಟ್ಟಿರಿ ಅಂತ ಅವನು ಇಲ್ಲದೇ ಹೋಗ್ತಾನಾ? ಚಿಂಪಾಂಜಿಗೂ ನಮಗೂ ಇರುವ ನಂಟು ಆ ಥರದ್ದು. ಮನೆ ಪಾಲಾಗಿ 60-70 ಲಕ್ಷ ವರ್ಷ ಆಗಿರಬಹುದು. ಆ ಅಜ್ಜ ಚಿಂಪಾಂಜಿಯೂ ಅಲ್ಲ, ಮನುಷ್ಯನೂ ಅಲ್ಲ.

ಇಷ್ಟು ಒಪ್ಪಿದವರೂ ಲೂಸಿ ಅನ್ನೋ ಪಳೆಯುಳಿಕೆ ಅಸ್ಥಿಪಂಜರದ ಹತ್ತಿರ ಎಡವುತ್ತಾರೆ. 1974ರಲ್ಲಿ ಇಥಿಯೋಪಿಯಾದ ಹಡಾರ್‌ನಲ್ಲಿ ಸಿಕ್ಕವಳು, ಸುಮಾರು 32 ಲಕ್ಷ ವರ್ಷ ಹಳಬಳು. "ಅಂದ್ರೆ ನಮ್ಮ ಅಜ್ಜಿ ಅಲ್ವಾ?" ಎರಡು ಕಾಲಲ್ಲಿ ನಡೆದಳು ಅಂತ ಅವಳ ಸೊಂಟದ ಮೂಳೆ ಹೇಳುತ್ತದೆ, ಮೊಣಕಾಲಿನ ಕೀಲೂ ಹೇಳುತ್ತದೆ. ಯಾರ ಅಜ್ಜಿ ಅಂತ ಯಾವ ಮೂಳೆಯೂ ಹೇಳುವುದಿಲ್ಲ. ಅವಳ ಕುಲದಿಂದಲೇ ನಾವು ಬಂದಿರಬಹುದು, ಬಲ್ಲವರು ಹಲವರು ಹಾಗೆ ಹೇಳುತ್ತಾರೆ. ಆದರೆ ಖುದ್ದು ಲೂಸಿಗೆ ಮಕ್ಕಳಿದ್ದರೋ ಇಲ್ಲವೋ ಯಾರಿಗೆ ಗೊತ್ತು!

ನನ್ನ ವೃತ್ತಿಯವರೂ ಮುಗ್ಗರಿಸಿದ್ದಾರೆ, ಅದೂ ನಮ್ಮ ದೇಶದ ಮೂಳೆಯ ಮೇಲೆ. 1932ರಲ್ಲಿ ಹಿಮಾಚಲದ ಹರಿತಲ್ಯಾಂಗರ್‌ನಲ್ಲಿ ಮೇಲ್ದವಡೆಯ ಒಂದು ತುಂಡು ಸಿಕ್ಕಿತು. ಒಂದೇ ಬದಿ, ಒಂದಷ್ಟು ಹಲ್ಲು. ರಾಮನ ಹೆಸರು ಸೇರಿಸಿ ರಾಮಾಪಿಥೆಕಸ್ ಅಂದರು. ಇಲ್ಲದ ಇನ್ನೊಂದು ಬದಿಯನ್ನು ಊಹಿಸಿ ಕೂಡಿಸಿದಾಗ ಹಲ್ಲಿನ ಸಾಲು ನಮ್ಮದರಂತೆ ಕಮಾನಾಗಿ ಬಂತು, ಇವನೇ ಮೂಲಪುರುಷ ಅಂತ ಎಷ್ಟೋ ವರ್ಷ ಪಾಠ ನಡೆಯಿತು. ನಾನು ಓದಿದ ಹಳೇ ಪುಸ್ತಕದಲ್ಲೂ ಹಾಗೇ ಇತ್ತು. ಆಮೇಲೆ ಪಾಕಿಸ್ತಾನದ ಪೊಟ್ವಾರ್‌ನಲ್ಲಿ ಅದೇ ಬಳಗದ ಶಿವಾಪಿಥೆಕಸ್‌ನ ಮುಖ ಸಿಕ್ಕಿ, 1982ರಲ್ಲಿ ಅದರ ವಿವರ ಹೊರಬಂತು. ಕಣ್ಣುಗಳ ನಡುವೆ ಜಾಗವೇ ಕಡಿಮೆ, ಮುಖದ ನಡುಭಾಗ ಒಳಕ್ಕೆ ತಗ್ಗು, ನೋಡಿದರೆ ಒರಾಂಗುಟಾನ್ ಕಡೆಯ ನೆಂಟ. ಈಗ ರಾಮಾಪಿಥೆಕಸ್ ಅನ್ನೋ ಹೆಸರೂ ಬಿದ್ದುಹೋಗಿ ಶಿವಾಪಿಥೆಕಸ್‌ನಲ್ಲೇ ಸೇರಿದೆ.

ತರಗತಿಯಲ್ಲಿ ನಾನು ಅರ್ಧ ದವಡೆಯ ಪ್ಲಾಸ್ಟರ್ ಅಚ್ಚು ಕೊಟ್ಟು, ಉಳಿದರ್ಧ ಜೇಡಿಮಣ್ಣಿನಲ್ಲಿ ಮಾಡಿ ಅಂತೀನಿ. ಹತ್ತು ಜನ, ಹತ್ತು ದವಡೆ. ಹೋದ ವರ್ಷ ಒಬ್ಬಳು ಹುಡುಗಿ ಮೊಬೈಲ್ ಕ್ಯಾಮೆರಾದಲ್ಲಿ ತನ್ನ ಹಲ್ಲು ನೋಡಿಕೊಂಡು ಅದೇ ಥರ ತಿದ್ದುತ್ತಾ ಕೂತಿದ್ದಳು.