ಮಳೆಗಾಲದಲ್ಲಿ ಬೆಳೆಯುವ ಹಿಮನದಿಗಳು

ಹಿಮಾಲಯದ ಕಾಂಚನಜುಂಗಾ ಶಿಖರವನ್ನು ಕನ್ನಡದಲ್ಲಿ ಕಾಂಚನಗಂಗಾ ಎಂದು ಬರೆಯುವ ರೂಢಿ ಇದೆ. ನಸುಕಿನ ಬಿಸಿಲು ಬಿದ್ದಾಗ ಆ ಶಿಖರ ಹೊಂಬಣ್ಣಕ್ಕೆ ತಿರುಗುವುದನ್ನು ಡಾರ್ಜಿಲಿಂಗ್‌ನಿಂದ ಕಂಡವರಿಗೆ ಈ ಹೆಸರು ಸರಿಯಾಗಿಯೇ ತೋರುತ್ತದೆ. ಆದರೆ ಮೂಲ ಹೆಸರು ಟಿಬೆಟನ್ ಮೂಲದ್ದು: ಕಾಂಗ್ ಎಂದರೆ ಹಿಮ, ಚೆನ್ ಎಂದರೆ ದೊಡ್ಡದು, ಜೊ ಎಂದರೆ ಭಂಡಾರ, ಙ ಎಂದರೆ ಐದು. ಐದು ಶಿಖರಗಳ ಈ ಹಿಮಭಂಡಾರದಲ್ಲಿ ಅತಿ ಎತ್ತರದ್ದು 8,586 ಮೀಟರ್. ಎವರೆಸ್ಟ್ ಇನ್ನೂ ಎತ್ತರ ಎಂಬ ಲೆಕ್ಕ 1856ರಲ್ಲಿ ಪ್ರಕಟವಾಗುವವರೆಗೆ ಜಗತ್ತಿನ ಅತ್ಯುನ್ನತ ಶಿಖರ ಇದೇ ಎಂಬ ನಂಬಿಕೆಯಿತ್ತು. ಈಗ ಮೂರನೆಯದು.

ಆಕಾಶದಿಂದ ನೋಡಿದರೆ ಇದು ನಾಲ್ಕು ದಿಕ್ಕಿಗೂ ಏಣುಗಳನ್ನು, ಅಂದರೆ ಬೆಟ್ಟದ ಚೂಪು ಬೆನ್ನುಗಳನ್ನು, ಚಾಚಿದ ದೊಡ್ಡ ಶಿಲುಬೆಯಂತಿದೆ. ಉತ್ತರ ದಕ್ಷಿಣದ ಏಣಿನ ಮೇಲೆಯೇ ಭಾರತ ಮತ್ತು ನೇಪಾಳದ ಗಡಿ ಹಾಯುತ್ತದೆ. ಏಣುಗಳ ನಡುವಿನ ನಾಲ್ಕು ಮೂಲೆಗಳಲ್ಲಿ ನಾಲ್ಕು ಹಿಮನದಿಗಳು, ಅಂದರೆ ನಿಧಾನವಾಗಿ ಕೆಳಗೆ ಜರುಗುವ ಮಂಜುಗಡ್ಡೆಯ ರಾಶಿಗಳು. ಸಿಕ್ಕಿಂ ಕಡೆ ಜೆಮು, ತಾಲುಂಗ್. ನೇಪಾಳದ ಕಡೆ ಯಾಲುಂಗ್, ಕಾಂಚನಜುಂಗಾ. ಇವುಗಳಲ್ಲಿ ಸುಮಾರು 26 ಕಿ.ಮೀ. ಉದ್ದದ ಜೆಮು ದೊಡ್ಡದು. ಏಣಿನ ಪೂರ್ವಕ್ಕೆ ಬಿದ್ದ ಹಿಮ ಕರಗಿ ತೀಸ್ತಾ ಸೇರಿ ಬ್ರಹ್ಮಪುತ್ರಕ್ಕೆ ಹೋಗುತ್ತದೆ. ಪಶ್ಚಿಮಕ್ಕೆ ಬಿದ್ದದ್ದು ತಾಮೋರ್, ಕೋಸಿ ನದಿಗಳ ಹಾದಿ ಹಿಡಿದು ಬಿಹಾರದಲ್ಲಿ ಗಂಗೆಗೆ ಸೇರುತ್ತದೆ. ಒಂದೇ ಏಣಿನ ಆಚೆ ಈಚೆ ಬಿದ್ದ ಎರಡು ಹಿಮದ ಹಳಕುಗಳು ಮತ್ತೆ ಭೇಟಿಯಾಗುವುದು ಬಾಂಗ್ಲಾದೇಶದಲ್ಲಿ. ಹಾಗಾಗಿ ಕಾಂಚನಗಂಗಾ ಎನ್ನುವವರ ಬಾಯಲ್ಲಿ ಅರ್ಧ ಸತ್ಯವಂತೂ ಇದೆ.

ನನಗೆ ಇದರ ಎತ್ತರಕ್ಕಿಂತ ಇದು ನಿಂತಿರುವ ಜಾಗವೇ ಹೆಚ್ಚು ಮುಖ್ಯವೆನಿಸುತ್ತದೆ. ಹಿಮಾಲಯದ ಮುಖ್ಯ ಸಾಲಿನಿಂದ ಸುಮಾರು 20 ಕಿ.ಮೀ. ದಕ್ಷಿಣಕ್ಕೆ, ಸೇನೆಯಿಂದ ಒಂದು ಹೆಜ್ಜೆ ಮುಂದೆ ಬಂದ ಯೋಧನಂತೆ ಇದು ನಿಂತಿದೆ. ಬಂಗಾಳ ಕೊಲ್ಲಿಯ ತೇವ ಹೊತ್ತ ಗಾಳಿ ಜಾರ್ಖಂಡ್‌ನ ರಾಜಮಹಲ್ ಮತ್ತು ಮೇಘಾಲಯದ ಗಾರೋ ಬೆಟ್ಟಗಳ ನಡುವಿನ ಬಯಲನ್ನು ದಾಟಿ ನೇರವಾಗಿ ಇದರ ಎದೆಗೆ ಬಡಿಯುತ್ತದೆ. ಆಲ್ಪ್ಸ್‌ನ ಹಿಮನದಿಗಳು ಚಳಿಗಾಲದಲ್ಲಿ ಹಿಮ ಕೂಡಿಟ್ಟು ಬೇಸಿಗೆಯಲ್ಲಿ ಕರಗುತ್ತವೆ. ಆದಾಯಕ್ಕೊಂದು ಕಾಲ, ಖರ್ಚಿಗೊಂದು ಕಾಲ. ಇಲ್ಲಿ ಹಾಗಿಲ್ಲ. ನಮ್ಮ ಮಲೆನಾಡಿನಲ್ಲಿ ಮುಂಗಾರು ಅಬ್ಬರಿಸುವ ತಿಂಗಳುಗಳಲ್ಲೇ ಅಲ್ಲಿ ಮೇಲೆ ಹಿಮ ಸುರಿಯುತ್ತದೆ, ಅದೇ ತಿಂಗಳುಗಳಲ್ಲೇ ಕೆಳಗೆ ಕರಗುತ್ತದೆ.

ಇದೇ ಇವುಗಳ ದೌರ್ಬಲ್ಯವೂ ಹೌದು. ಹೊಸ ಹಿಮ ತನ್ನ ಮೇಲೆ ಬಿದ್ದ ಬಿಸಿಲಿನಲ್ಲಿ ಶೇ 80ಕ್ಕೂ ಹೆಚ್ಚನ್ನು ಹಿಂದಕ್ಕೆ ಕಳಿಸುತ್ತದೆ. ಹಳೆಯ, ಕೊಳೆಯಾದ ಮಂಜುಗಡ್ಡೆ ಬಹುಪಾಲನ್ನು ಹೀರಿಕೊಳ್ಳುತ್ತದೆ. ವಾತಾವರಣ ಒಂದು ಡಿಗ್ರಿಯಷ್ಟು ಬೆಚ್ಚಗಾದರೂ ಹಿಮ ಸುರಿಯಬೇಕಿದ್ದ ಎಷ್ಟೋ ಇಳಿಜಾರುಗಳ ಮೇಲೆ ಅದೇ ಮೋಡ ಮಳೆ ಸುರಿಸುತ್ತದೆ. ಆಗ ಹಿಮನದಿಗೆ ಆಹಾರವೂ ತಪ್ಪಿತು, ಬಿಸಿಲಿಗೆ ಹೊದಿಕೆಯೂ ತಪ್ಪಿತು.

ಜೆಮುವಿನ ಕೆಳಭಾಗದಲ್ಲಿ ನಡೆದರೆ ಕಾಲಡಿ ಮಂಜುಗಡ್ಡೆ ಇದೆ ಎಂದು ತಿಳಿಯುವುದೇ ಕಷ್ಟ. ಎಲ್ಲಿ ನೋಡಿದರೂ ಬೂದು ಬಣ್ಣದ ಕಲ್ಲು, ಜಲ್ಲಿ, ಮರಳು. ಇವೆಲ್ಲ ಸುತ್ತಲಿನ ಬಂಡೆಗಳಿಂದ ಉದುರಿದ ಚೂರುಗಳು. ತೆಳುವಾದ ಧೂಳಿನ ಪದರ ಬಿಸಿಲಿಗೆ ಕಾದು ಕೆಳಗಿನ ಮಂಜನ್ನು ಬೇಗ ಕರಗಿಸುತ್ತದೆ. ಪದರ ದಪ್ಪವಾದರೆ ಅದೇ ಕಂಬಳಿಯಂತೆ ಮಂಜನ್ನು ಕಾಪಾಡುತ್ತದೆ. ಹಿಮನದಿಯೊಂದರ ಮೇಲೆ ದೊಡ್ಡ ಚಪ್ಪಡಿ ಬಿದ್ದರೆ ಸುತ್ತಲಿನ ಮಂಜು ಇಳಿದುಹೋಗಿ, ಚಪ್ಪಡಿಯ ನೆರಳಿನಲ್ಲಿ ಉಳಿದ ಮಂಜು ಕಂಬವಾಗಿ, ಕಲ್ಲಿನ ಮೇಜೊಂದು ತಾನಾಗಿ ಎದ್ದು ನಿಲ್ಲುತ್ತದೆ.

ಹಿಂದೆ ಸರಿಯುವ ಹಿಮನದಿಯ ಮುಂದೆ, ಅದೇ ತಂದು ಒಟ್ಟಿದ ಕಲ್ಲುಮಣ್ಣಿನ ದಿಣ್ಣೆಯ ಹಿಂದೆ, ನೀರು ನಿಂತು ಸರೋವರವಾಗುತ್ತದೆ. ಉತ್ತರ ಸಿಕ್ಕಿಂನ ದಕ್ಷಿಣ ಲೊನಾಕ್ ಅಂಥದ್ದು. ದಶಕಗಳಿಂದ ಅದು ಹಿಗ್ಗುತ್ತಿರುವುದನ್ನು ಉಪಗ್ರಹಗಳು ಕಂಡಿದ್ದವು, ವಿಜ್ಞಾನಿಗಳು ಎಚ್ಚರಿಸಿದ್ದರು. 2023ರ ಅಕ್ಟೋಬರ್ 3ರ ರಾತ್ರಿ ಪಕ್ಕದ ದಿಣ್ಣೆಯ ಹೆಪ್ಪುಗಟ್ಟಿದ ಭಾಗ ಜರಿದು ಸರೋವರಕ್ಕೆ ಬಿತ್ತು. ಎದ್ದ ಅಲೆ ಕಟ್ಟೆಯನ್ನು ಒಡೆಯಿತು. ಆ ನೀರು ಕಲ್ಲು ಕೆಸರನ್ನು ಬಾಚಿಕೊಂಡು ಕೆಳಗಿನ ಚುಂಗ್‌ಥಾಂಗ್ ಪಟ್ಟಣ ತಲುಪಿದಾಗ, ಅಲ್ಲಿನ 60 ಮೀಟರ್ ಎತ್ತರದ ತೀಸ್ತಾ ಅಣೆಕಟ್ಟು ಕೊಚ್ಚಿಹೋಯಿತು.